ಬೆಳಕನ್ನು ಹೇಳುವ ಒಂದು ಹಳೆಯ ಪದ



ಕಳೆದ ಜೂನ್ ತಿಂಗಳಲ್ಲಿ, ಶಾಲೆ ತೆರೆದ ಎರಡನೆಯ ವಾರ, ನಮ್ಮ ಪುಸ್ತಕಭಂಡಾರದ ಹಳೆಯ ಬೀರುವೊಂದನ್ನು ತೆರೆದು, ಗೆದ್ದಲು ಹತ್ತಿದ ಪುಸ್ತಕಗಳನ್ನು ಬೇರ್ಪಡಿಸುವ ಕೆಲಸವನ್ನು ಒಂಬತ್ತನೆಯ ತರಗತಿಯ ಕೆಲವು ಹುಡುಗಿಯರಿಗೆ ಒಪ್ಪಿಸಿದ್ದೆನು. ಅವರಲ್ಲೊಬ್ಬಳು ಇಂಗ್ಲಿಷ್ ಪದ್ಯಗಳ ಹಳೆಯ ಸಂಗ್ರಹವೊಂದನ್ನು ಹಿಡಿದುಕೊಂಡು ನನ್ನ ಕೋಣೆಗೆ ಬಂದಳು. “ಮಿಸ್, ಈ ಪುಸ್ತಕದಲ್ಲಿ ಅಚ್ಚಿನ ತಪ್ಪಿದೆ. ‘ಶೈನಿಂಗ್’ ಎಂದಿರಬೇಕಾದ ಕಡೆ ‘ಶೀನ್’ ಎಂದು ಬಿದ್ದಿದೆ. ನಾನು ಪೆನ್ಸಿಲಿನಲ್ಲಿ ತಿದ್ದಿದ್ದೇನೆ” ಎಂದಳು. ಆಕೆಯು ತೋರಿಸಿದ್ದು ಸ್ಪೆನ್ಸರ್ ಕವಿಯ ಪದ್ಯಭಾಗ. ಅಲ್ಲಿ ಅಚ್ಚಿನ ತಪ್ಪೇನೂ ಇರಲಿಲ್ಲ. ‘ಶೀನ್’ ಎಂಬುದು ಒಂದು ಕಾಲದಲ್ಲಿ ಒಳ್ಳೆಯ ಮನೆತನದ ಗುಣವಾಚಕವಾಗಿದ್ದು, ಈಗ ಬಳಕೆಯಿಂದ ಬಿದ್ದುಹೋದ ಪದವೆಂದು ನಾನು ಆಕೆಗೆ ತಿಳಿಸಿದೆನು. ಆಕೆಯು ನಾಚಿ, ಪೆನ್ಸಿಲಿನ ಗುರುತನ್ನು ಅಳಿಸಿ ಹೊರಟುಹೋದಳು.

ಅದೇ ವಾರ ನಡೆದ ಪೋಷಕರ ಸಭೆಯಲ್ಲಿ ಈ ಸಂಗತಿಯನ್ನು ವಿನೋದಕ್ಕಾಗಿ ಹೇಳಿದಾಗ, ಸಮೀಪದ ತಂತ್ರಜ್ಞಾನ ಪಾರ್ಕಿನಲ್ಲಿ ಉದ್ಯೋಗದಲ್ಲಿರುವ ತಂದೆಯೊಬ್ಬರು ಎದ್ದು ನಿಂತು, “ಅಮ್ಮಾ, ಸತ್ತುಹೋದ ಪದಗಳಿಂದ ನಮ್ಮ ಮಕ್ಕಳಿಗೆ ಆಗಬೇಕಾದದ್ದೇನು? ಕೆಲಸ ದೊರಕಿಸುವ ಇಂಗ್ಲಿಷನ್ನು ಕಲಿಸಿದರೆ ಸಾಲದೆ?” ಎಂದು ಕೇಳಿದರು. ಪ್ರಶ್ನೆಯು ನ್ಯಾಯವಾದದ್ದೇ. ಅಂದು ಸಮಯವಿಲ್ಲದೆ ಅರ್ಧ ಉತ್ತರವನ್ನು ಹೇಳಿ ಕುಳಿತೆನು. ಮಿಕ್ಕ ಅರ್ಧವನ್ನು ಈ ಸ್ಮರಣಸಂಚಿಕೆಯಲ್ಲಿ ಬರೆಯಲು ಅವಕಾಶ ದೊರೆತಿದೆ. ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುವೆನು: ಈ ಪದವನ್ನು ನಮ್ಮ ಹುಡುಗಿಯರು ಗುಣವಾಚಕವಾಗಿ ಬಳಸಬೇಕಾದದ್ದಿಲ್ಲ, ಆದರೆ ಅದರ ಅರ್ಥವನ್ನು ಅವರೂ, ಅವರಿಗಿಂತ ಹೆಚ್ಚಾಗಿ ಉಪಾಧ್ಯಾಯಿನಿಯರಾದ ನಾವೂ, ತಂದೆತಾಯಿಗಳಾದ ನೀವೂ ಅರಿತಿರಬೇಕು.

ಹುಡುಗಿಯು ಮಾಡಿದ ತಪ್ಪು ದೊಡ್ಡ ತಪ್ಪಲ್ಲ. ನೋಡಲು ಒಂದೇ ತೆರನಾಗಿರುವ ಎರಡು ಪದಗಳನ್ನು ಒಂದೇ ಎಂದು ಎಣಿಸುವುದು ಎಲ್ಲರ ಸ್ವಭಾವ. ನಮ್ಮ ಊರಿನ ಹೆಸರನ್ನೇ ತೆಗೆದುಕೊಳ್ಳಿರಿ. ‘ವೈಟ್‌ಫೀಲ್ಡ್’ ಎಂದರೆ ಬಿಳಿಯ ಹೊಲವೆಂದು ಮಕ್ಕಳು ಪ್ರತಿವರ್ಷವೂ ಬರೆಯುತ್ತಾರೆ. ಇಲ್ಲಿ ಹಿಂದೆ ಹತ್ತಿಯನ್ನು ಬೆಳೆಯುತ್ತಿದ್ದರೆಂದು ಒಬ್ಬಳು ಕಾರಣವನ್ನೂ ಕಲ್ಪಿಸಿದಳು. ನಿಜವಾದ ಸಂಗತಿ ಬೇರೆ. ಮೈಸೂರಿನ ಮಹಾರಾಜರಾಗಿದ್ದ ಚಾಮರಾಜೇಂದ್ರ ಒಡೆಯರವರು ೧೮೮೨ರಲ್ಲಿ ಆಂಗ್ಲೋ ಇಂಡಿಯನ್ನರ ಸಂಘಕ್ಕೆ ೩,೯೦೦ ಎಕರೆ ಭೂಮಿಯನ್ನು ದಯಪಾಲಿಸಿದರು. ಆ ಸಂಘವನ್ನು ಸ್ಥಾಪಿಸಿದ ಡಿ. ಎಸ್. ವೈಟ್ ಎಂಬುವರ ಹೆಸರು ಊರಿಗೆ ನಿಂತಿತು. ಇಲ್ಲಿನ ‘ವೈಟ್’ ಬಣ್ಣವಲ್ಲ, ಮನುಷ್ಯ. ಶ್ರವಣಬೆಳಗೊಳದ ‘ಬೆಳ್’ ಎಂಬುದಾದರೋ ನಿಜವಾಗಿಯೂ ಬಿಳುಪು; ಬಿಳಿಯ ಕೊಳವೆಂಬುದೇ ಆ ಊರಿನ ಅರ್ಥ. ಹೀಗೆ ಮೇಲೆ ಒಂದೇ ತೆರನಾಗಿ ಕಾಣುವ ಹೆಸರುಗಳ ಒಳಗೆ ಬೇರೆ ಬೇರೆ ಚರಿತ್ರೆಯುಂಟು. ಪದವನ್ನು ಕೇಳಿದೊಡನೆ ಅರ್ಥವಾಯಿತೆಂದು ತಿಳಿಯದೆ, ‘ನೀನು ಯಾರ ಮನೆಯವಳು?’ ಎಂದು ಅದನ್ನೇ ವಿಚಾರಿಸುವ ಅಭ್ಯಾಸವು ವಿದ್ಯೆಯ ಮೊದಲನೆಯ ಮೆಟ್ಟಿಲು.

ಹಾಗಾದರೆ ‘ಶೀನ್’ ಯಾರ ಮನೆಯವಳು? ಇಂದಿನ ಇಂಗ್ಲಿಷಿನಲ್ಲಿ ಅದು ನಾಮಪದ. ರೇಷ್ಮೆಯ ಸೀರೆಯ ಮೇಲಿನ ನವಿರಾದ ಹೊಳಪು, ಎಣ್ಣೆ ಸವರಿ ಬಾಚಿದ ಕೂದಲಿನ ಮಿರುಗು, ಗೋಡೆಗೆ ಬಳಿದ ಬಣ್ಣದ ಕಾಂತಿ, ಇವುಗಳಿಗೆ ಆ ಹೆಸರು. ಹಿಂದೆ ಅದು ಗುಣವಾಚಕವಾಗಿದ್ದಾಗ ಅದಕ್ಕೆ ಎರಡು ಅರ್ಥಗಳಿದ್ದುವು: ಸುಂದರವಾದ ಎಂಬುದು ಒಂದು, ಪ್ರಕಾಶಮಾನವಾದ ಎಂಬುದು ಇನ್ನೊಂದು. ಹದಿನಾಲ್ಕನೆಯ ಶತಮಾನದ ಕೊನೆಯಲ್ಲಿ ಚಾಸರ್ ಕವಿಯು ತನ್ನ ‘ವೀರಯೋಧನ ಕಥೆ’ಯಲ್ಲಿ ಎಮಿಲಿ ಎಂಬ ಕನ್ಯೆಗೆ ಈ ವಿಶೇಷಣವನ್ನು ಕೊಟ್ಟಿರುತ್ತಾನೆ. ಎಮಿಲಿಯ ಮೈಮೇಲೆ ದೀಪ ಉರಿಯುತ್ತಿತ್ತೆಂದು ಅದರ ಅರ್ಥವಲ್ಲ. ಆಕೆಯು ಚೆಲುವೆಯಾಗಿದ್ದಳೆಂದು, ಬೆಳಗಿನಂತೆ ಕಾಣುತ್ತಿದ್ದಳೆಂದು ಅರ್ಥ. ೧೫೯೦ರಲ್ಲಿ ಮೊದಲ ಭಾಗಗಳು ಪ್ರಕಟವಾದ ‘ಫೇರಿ ಕ್ವೀನ್’ ಎಂಬ ಮಹಾಕಾವ್ಯದಲ್ಲಿ ಸ್ಪೆನ್ಸರನೂ ಇದನ್ನು ಬಳಸಿದನು. ಸ್ಪೆನ್ಸರನು ತನ್ನ ಕಾಲಕ್ಕೇ ಹಳತಾಗಿದ್ದ ಪದಗಳನ್ನು ಪ್ರೀತಿಯಿಂದ ಆರಿಸಿಕೊಳ್ಳುತ್ತಿದ್ದ ಕವಿ. ಆ ಬಳಿಕ ಈ ಗುಣವಾಚಕವು ಕಾವ್ಯದಲ್ಲಿ ಮಾತ್ರ ಅಲ್ಲಲ್ಲಿ ಉಳಿದು, ಜನರ ಮಾತಿನಿಂದ ಹೊರಟುಹೋಯಿತು.

ಈ ಪದಕ್ಕೂ ‘ಶೈನ್’ ಎಂಬ ಕ್ರಿಯಾಪದಕ್ಕೂ ರಕ್ತಸಂಬಂಧವಿಲ್ಲವೆಂಬುದು ನಮ್ಮ ಹುಡುಗಿಗೆ ಆಶ್ಚರ್ಯವನ್ನು ಉಂಟುಮಾಡಿತು. ಇವೆರಡೂ ಮೂಲದಲ್ಲಿ ಬೇರೆ ಬೇರೆ ಮನೆಯವು. ಧ್ವನಿಯ ಹೋಲಿಕೆಯಿಂದ ಹತ್ತಿರ ಬಂದು, ನೆರೆಮನೆಯವರ ನಡೆನುಡಿಗಳು ನಮಗೆ ಅಂಟಿಕೊಳ್ಳುವಂತೆ, ‘ಶೀನ್’ ಪದದಲ್ಲಿ ಸೌಂದರ್ಯದ ಅರ್ಥವು ಹಿಂದೆ ಸರಿದು ಹೊಳಪಿನ ಅರ್ಥವು ಮುಂದಾಯಿತು. ಅದರ ಸ್ವಂತ ಒಡಹುಟ್ಟಿದವರನ್ನು ಕಾಣಬೇಕಾದರೆ ನಾವು ಜರ್ಮನಿಗೂ ಹಾಲೆಂಡಿಗೂ ಹೋಗಬೇಕು. ಜರ್ಮನ್ ಭಾಷೆಯಲ್ಲಿ ಇದರ ಸಹೋದರಿಯು ‘ಶ್ಯೋನ್’. ಅದಕ್ಕೆ ಇಂದಿಗೂ ಸುಂದರವೆಂಬುದೇ ಅರ್ಥ. ಡಚ್ ಭಾಷೆಯ ಸಹೋದರಿಗೆ ಈಗ ಮುಖ್ಯವಾಗಿ ಶುಚಿಯಾದ ಎಂಬ ಅರ್ಥವುಂಟು. ಒಂದೇ ತಾಯಿಯ ಮೂವರು ಹೆಣ್ಣುಮಕ್ಕಳು ಮೂರು ಊರುಗಳಿಗೆ ಮದುವೆಯಾಗಿ ಹೋಗಿ, ಒಬ್ಬಳು ಚೆಲುವಿಗೆ, ಒಬ್ಬಳು ಶುಚಿಗೆ, ಒಬ್ಬಳು ಹೊಳಪಿಗೆ ಹೆಸರಾದಂತಾಯಿತು.

ಮಿಷನ್ ಶಾಲೆಯಲ್ಲಿ ಓದಿದ ನಮಗೆ ಇದರಲ್ಲಿ ಮನೆಯ ಸಂಗತಿಯೊಂದಿದೆ. ೧೮೩೪ರಲ್ಲಿ ಮಂಗಳೂರಿಗೆ ಬಂದ ಬಾಸೆಲ್ ಮಿಷನ್ನಿನವರಲ್ಲಿ ಬಹುಮಂದಿ ಜರ್ಮನ್ ಮಾತಾಡುವವರು. ನಮ್ಮ ನುಡಿಗೆ ೧,೭೦೦ಕ್ಕೂ ಮಿಕ್ಕ ಪುಟಗಳ ನಿಘಂಟನ್ನು ಕಟ್ಟಿ ೧೮೯೪ರಲ್ಲಿ ಮಂಗಳೂರಿನಲ್ಲಿ ಪ್ರಕಟಿಸಿದ ಫರ್ಡಿನಂಡ್ ಕಿಟೆಲ್ ಪಂಡಿತರೂ ಅವರಲ್ಲೊಬ್ಬರು. ಇಂಗ್ಲಿಷಿನವರು ಕಳೆದುಕೊಂಡಿದ್ದ ಈ ಪದದ ಮೊದಲನೆಯ ಅರ್ಥವು ಅವರ ತಾಯ್ನುಡಿಯಲ್ಲಿ ದಿನನಿತ್ಯದ ಮಾತಾಗಿತ್ತು. ಅದಕ್ಕೂ ಮುನ್ನ, ಬಳ್ಳಾರಿಯ ಲಂಡನ್ ಮಿಷನ್ನಿನ ವಿಲಿಯಮ್ ರೀವ್ ಅವರ ಇಂಗ್ಲಿಷ್ ಕನ್ನಡ ನಿಘಂಟು ೧೮೨೪ರಲ್ಲಿ ಮದರಾಸಿನಲ್ಲಿ ಅಚ್ಚಾಗಿತ್ತು. ಒಂದೊಂದು ಇಂಗ್ಲಿಷ್ ಪದಕ್ಕೆ ಸರಿದೂಗುವ ಕನ್ನಡ ಪದವನ್ನು ಹುಡುಕುತ್ತ ವರ್ಷಗಟ್ಟಲೆ ಕುಳಿತ ಆ ಹಿರಿಯರನ್ನು ನೆನೆದಾಗ, ಒಂದು ಪದಕ್ಕಾಗಿ ಒಂದು ಗಂಟೆ ಕಳೆಯುವುದು ನಷ್ಟವೆಂದು ನನಗೆ ತೋರುವುದಿಲ್ಲ.

ಪರದೇಶದ ಪದದಲ್ಲಿ ಕಂಡ ಈ ವಿಚಿತ್ರವು ನಮ್ಮ ಮನೆಯಲ್ಲಿಯೂ ಉಂಟು. ‘ಶುಭ್ರವಾದ ಬಟ್ಟೆಯನ್ನು ಉಟ್ಟುಕೊಂಡು ಬನ್ನಿರಿ’ ಎಂದು ನಾವು ಮಕ್ಕಳಿಗೆ ಪ್ರತಿ ಸೋಮವಾರವೂ ಹೇಳುತ್ತೇವೆ. ಶುಚಿಯಾದ ಬಟ್ಟೆಯೆಂದು ಅದರ ಭಾವ. ಸಂಸ್ಕೃತದಲ್ಲಿ ‘ಶುಭ್ರ’ ಎಂಬುದಕ್ಕೆ ಮೊದಲನೆಯ ಅರ್ಥವು ಹೊಳೆಯುವ, ಕಾಂತಿಯುಳ್ಳ ಎಂಬುದಾಗಿದೆ. ಅದೇ ಧಾತುವಿನಿಂದ ‘ಶೋಭೆ’ಯೂ ‘ಶುಭ’ವೂ ಹುಟ್ಟಿದುವು. ಇಲ್ಲಿಯೂ ಮೂವರು ಅಕ್ಕತಂಗಿಯರು: ಶೋಭೆಯು ಚೆಲುವಿಗೆ, ಶುಭ್ರವು ಶುಚಿಗೆ, ಶುಭವು ಮಂಗಳಕ್ಕೆ. ‘ಕಾಂತಿ’ ಎಂಬ ಪದವಂತೂ ‘ಶೀನ್’ ನಡೆದ ದಾರಿಯಲ್ಲಿಯೇ ನಡೆದಿದೆ. ಪ್ರೀತಿಸು, ಬಯಸು ಎಂಬ ಅರ್ಥದ ಧಾತುವಿನಿಂದ ಬಂದ ಆ ಪದಕ್ಕೆ ಮನೋಹರತೆಯೆಂಬ ಅರ್ಥವುಂಟಾಗಿ, ಪ್ರಕಾಶವೆಂಬ ಅರ್ಥವೂ ಸೇರಿತು. ಯಾವುದನ್ನು ಪ್ರೀತಿಸುವೆವೋ ಅದು ನಮ್ಮ ಕಣ್ಣಿಗೆ ಬೆಳಗುತ್ತದೆ ಎಂಬುದನ್ನು ಹಳೆಯವರು ಕಂಡುಕೊಂಡಿದ್ದರೆಂದು ತೋರುತ್ತದೆ.

ಅಚ್ಚಗನ್ನಡದಲ್ಲಿಯೂ ಒಂದು ದೊಡ್ಡ ಕುಟುಂಬವಿದೆ. ‘ಬೆಳ್’ ಎಂಬ ಒಂದು ಬೇರಿನಿಂದ ಬೆಳಕು, ಬೆಳಗು, ಬೆಳ್ಳಿ, ಬೆಳ್ಳಗೆ, ಬೆಳದಿಂಗಳು ಎಲ್ಲವೂ ಕವಲೊಡೆದಿವೆ. ಈ ಪದಗಳನ್ನು ಒಂದು ದಿನ ಕರಿಹಲಗೆಯ ಮೇಲೆ ಬರೆದಾಗ ತರಗತಿಯಲ್ಲಿ ಗದ್ದಲವೆದ್ದಿತು. ನಮ್ಮ ಸುತ್ತಣ ಕಾರ್ಖಾನೆಗಳಿಗೂ ಕಟ್ಟಡಗಳಿಗೂ ಕೆಲಸಕ್ಕೆಂದು ನಾಲ್ಕು ದಿಕ್ಕಿನಿಂದ ಬಂದ ಕುಟುಂಬಗಳ ಮಕ್ಕಳು ಒಂದೇ ಬೆಂಚಿನಲ್ಲಿ ಕುಳಿತಿರುವುದನ್ನು ನೀವು ಬಲ್ಲಿರಿ. ತೆಲುಗಿನ ಹುಡುಗಿಯು ‘ವೆಲುಗು’ ಎಂದಳು. ತಮಿಳಿನವಳು ‘ವೆಳಿಚ್ಚಂ’ ಎಂದಳು. ಮಲಯಾಳದವಳು ‘ನಮ್ಮದೂ ಅದೇ’ ಎಂದಳು. ಮಂಗಳೂರಿನ ಕಡೆಯವಳು ಮೆಲ್ಲಗೆ ‘ಬೊಳ್ಪು’ ಎಂದಳು. ಬೇರೆ ಬೇರೆ ಮನೆಗಳಲ್ಲಿ ಬೇರೆ ಬೇರೆಯಾಗಿ ಕರೆಯಿಸಿಕೊಳ್ಳುತ್ತಿದ್ದ ಬೆಳಕು ಒಂದೇ ಎಂಬುದು ಅಂದು ಮಕ್ಕಳಿಗೆ ತಿಳಿಯಿತು. ಪದಚರಿತ್ರೆಯು ಕೆಲಸಕ್ಕೆ ಬಾರದ ವಿದ್ಯೆಯೆಂದು ಹೇಳುವವರು ಆ ಗಳಿಗೆಯಲ್ಲಿ ತರಗತಿಯಲ್ಲಿರಬೇಕಾಗಿತ್ತು.

ಇನ್ನು ಮುಖ್ಯವಾದ ಮಾತಿಗೆ ಬರುತ್ತೇನೆ. ‘ಶೀನ್’ ಪದದ ಬೇರನ್ನು ಇನ್ನೂ ಆಳಕ್ಕೆ ಅಗೆದರೆ, ಅಲ್ಲಿ ಸಿಕ್ಕುವುದು ಬೆಳಕೂ ಅಲ್ಲ, ಚೆಲುವೂ ಅಲ್ಲ. ನೋಡುವುದು ಎಂಬ ಕ್ರಿಯೆ. ತೋರಿಸು ಎಂಬ ಅರ್ಥದಲ್ಲಿ ನಾವು ದಿನವೂ ಕೇಳುವ ‘ಶೋ’ ಎಂಬ ಇಂಗ್ಲಿಷ್ ಪದವು ಅದೇ ಬೇರಿನದು. ಅದಕ್ಕೂ ಹಿಂದೆ ನೋಡು ಎಂಬ ಅರ್ಥವೇ ಇತ್ತು. ಆದಕಾರಣ ‘ಶೀನ್’ ಎಂದರೆ ಮೊಟ್ಟಮೊದಲಿಗೆ ನೋಡತಕ್ಕದ್ದು, ನೋಡಲು ಯೋಗ್ಯವಾದದ್ದು ಎಂದಾಗುತ್ತದೆ. ನಮ್ಮ ‘ದರ್ಶನೀಯ’ವೆಂಬ ಪದವನ್ನು ಇದರ ಪಕ್ಕದಲ್ಲಿಟ್ಟು ನೋಡಿರಿ. ಅದೂ ನೋಡತಕ್ಕದ್ದೇ, ಅದರ ಅರ್ಥವೂ ಸುಂದರವೇ. ದೂರದೂರದ ಎರಡು ಭಾಷೆಗಳು ಒಂದೇ ಮಾತನ್ನು ಹೇಳುತ್ತಿವೆ: ನೋಡುವವರು ಒಬ್ಬರಿದ್ದರೆ ಚೆಲುವು ಉಂಟು, ಹೊಳಪು ಉಂಟು.

ಇದು ಕವಿಗಳ ಮಾತೆಂದು ಯಾರೂ ತಳ್ಳಿಹಾಕಬಾರದು. ಪೀಣ್ಯದ ಕಾರ್ಖಾನೆಯೊಂದರಲ್ಲಿ ಲೋಹದ ತಗಡುಗಳಿಗೆ ಬಣ್ಣ ಹಚ್ಚುವ ವಿಭಾಗದಲ್ಲಿರುವ ಪೋಷಕರೊಬ್ಬರು ನನಗೆ ವಿವರಿಸಿದ ಸಂಗತಿ ಇದು. ಬಣ್ಣದ ಹೊಳಪನ್ನು ಅಳೆಯಲು ಅವರಲ್ಲಿ ಒಂದು ಚಿಕ್ಕ ಯಂತ್ರವುಂಟು. ಅದು ಮೇಲ್ಮೈಗೆ ಓರೆಯಾಗಿ ಬೆಳಕನ್ನು ಬಿಟ್ಟು, ಅದು ಎಷ್ಟು ಮರಳಿ ಬರುತ್ತದೆಂದು ಅಳೆಯುತ್ತದೆ. ಸಾಮಾನ್ಯವಾಗಿ ೬೦ ಡಿಗ್ರಿಯ ಕೋನದಲ್ಲಿ ಅಳೆಯುವುದು ರೂಢಿ. ಆದರೆ ಮಂಕಾದ ಬಣ್ಣವಾದರೆ ಆ ಕೋನದಲ್ಲಿ ಅಂಕಿಯು ತೀರ ಕಡಿಮೆ ಬಂದು, ಒಂದು ಮಂಕು ತಗಡಿಗೂ ಇನ್ನೊಂದಕ್ಕೂ ಭೇದವೇ ತೋರುವುದಿಲ್ಲ. ಆಗ ೮೫ ಡಿಗ್ರಿಯ ಕೋನದಲ್ಲಿ, ಅಂದರೆ ಹೆಚ್ಚುಕಡಮೆ ಮೇಲ್ಮೈಯನ್ನು ಸವರಿಕೊಂಡು ಹೋಗುವಂತೆ, ಬೆಳಕನ್ನು ಬಿಡುತ್ತಾರೆ. ಎದುರಿನಿಂದ ನೋಡಿದರೆ ಮಂಕಾಗಿದ್ದ ತಗಡು ಅಲ್ಲಿ ಹೊಳೆಯುತ್ತದೆ. ಹೀಗೆ ತೀರ ಓರೆಯಲ್ಲಿ ಮಾತ್ರ ಕಾಣುವ ಹೊಳಪಿಗೆ ಆ ಉದ್ಯಮದವರು ಇಟ್ಟಿರುವ ಹೆಸರೇ ‘ಶೀನ್’! ಬೇಕಾದರೆ ಇಂದು ಸಂಜೆ ನಿಮ್ಮ ಮನೆಯ ಗೋಡೆಗೆ ಕೆನ್ನೆಯನ್ನು ಹತ್ತಿರ ತಂದು, ಕಿಟಕಿಯ ಕಡೆಗೆ ನೋಡಿರಿ; ಮಂಕು ಗೋಡೆಯು ಮಿರುಗುವುದನ್ನು ಕಾಣುವಿರಿ. ಗೋಡೆಯು ಬದಲಾಗಲಿಲ್ಲ, ನೋಡುವವರು ನಿಂತ ಸ್ಥಳವು ಬದಲಾಯಿತು.

ಗುಣವಾಚಕವು ಸತ್ತು ನಾಮಪದವು ಉಳಿದದ್ದರಿಂದ ಆದ ನಷ್ಟವನ್ನೂ ಹೇಳಬೇಕು. ಗುಣವಾಚಕವು ವ್ಯಕ್ತಿಯನ್ನು ಇಡಿಯಾಗಿ ಹೇಳುತ್ತಿತ್ತು. ನಾಮಪದವು ಮೇಲಿನ ಮೆರುಗನ್ನು ಮಾತ್ರ ಹೇಳುತ್ತದೆ. ಶೇಕ್ಸ್‌ಪಿಯರನು ‘ಹ್ಯಾಮ್ಲೆಟ್’ ನಾಟಕದಲ್ಲಿ ಈ ನಾಮಪದವನ್ನು ಚಂದ್ರನ ಬೆಳಕಿಗೆ ಬಳಸುವಾಗಲೇ ಅದು ಎರವಲಾದದ್ದೆಂದು ಸೂಚಿಸುತ್ತಾನೆ. ಬೈರನ್ ಕವಿಯು ೧೮೧೫ರಲ್ಲಿ ಪ್ರಕಟಿಸಿದ ಸನ್ಹೇರೀಬನ ಸೈನ್ಯನಾಶದ ಪದ್ಯವನ್ನು ನಮ್ಮ ಹಳೆಯ ವಿದ್ಯಾರ್ಥಿನಿಯರಲ್ಲಿ ಅನೇಕರು ಬಾಯಿಪಾಠ ಮಾಡಿರಬಹುದು. ಸತ್ಯವೇದದ ಅರಸುಗಳ ಎರಡನೆಯ ಗ್ರಂಥದ ಆ ಕಥೆಯಲ್ಲಿ ಅಶ್ಶೂರದ ದಂಡು ಒಂದೇ ರಾತ್ರಿಯಲ್ಲಿ ಅಳಿಯಿತು. ಕವಿಯು ಅವರ ಭರ್ಜಿಗಳ ಹೊಳಪಿಗೆ ಇದೇ ಪದವನ್ನು ಬಳಸಿದ್ದಾನೆ. ಸಂಜೆ ನಕ್ಷತ್ರಗಳಂತೆ ಮಿನುಗಿದ ಭರ್ಜಿಗಳನ್ನು ಬೆಳಗಿನ ಹೊತ್ತಿಗೆ ಎತ್ತುವವರೇ ಇರಲಿಲ್ಲ. ಅದಕ್ಕೆ ಪ್ರತಿಯಾಗಿ ಮಿಲ್ಟನ್ ಕವಿಯು ೧೬೨೯ರಲ್ಲಿ ರಚಿಸಿದ ಕ್ರಿಸ್ತಜಯಂತಿಯ ಗೀತದಲ್ಲಿ ಈ ಪದವನ್ನು ಕರುಣೆಗೆ ಮೀಸಲಿಟ್ಟನು. ಸತ್ಯವೂ ನ್ಯಾಯವೂ ಇರುವಲ್ಲಿ ಅವುಗಳ ನಡುವೆ ಸ್ವರ್ಗದ ಪ್ರಭೆಯಲ್ಲಿ ಕರುಣೆಯು ಕುಳಿತಿರುವುದನ್ನು ಆತನು ಕಂಡನು. ಭರ್ಜಿಗೂ ಒಂದೇ ಪದ, ಕರುಣೆಗೂ ಒಂದೇ ಪದ. ಯಾವ ಹೊಳಪು ರಾತ್ರಿ ಕಳೆದ ಮೇಲೆ ಉಳಿಯುತ್ತದೆ ಎಂಬುದನ್ನು ನಮ್ಮ ಮಕ್ಕಳೇ ವಿಚಾರಿಸಿಕೊಳ್ಳಲಿ. ನಮ್ಮ ಅಜ್ಜಿಯರು ಇಷ್ಟೆಲ್ಲ ಓದದೆಯೇ ‘ಬೆಳ್ಳಗಿರುವುದೆಲ್ಲ ಹಾಲಲ್ಲ’ ಎಂದು ಹೇಳಿ ಮುಗಿಸುತ್ತಿದ್ದರು.

ಬಳಕೆಯ ವಿಷಯದಲ್ಲಿ ನನ್ನ ಸಲಹೆ ಚಿಕ್ಕದು. ‘ಶೀನ್’ ಪದವನ್ನು ನಾಮಪದವಾಗಿ, ಮೃದುವಾದ ಹೊಳಪಿಗೆ, ಧಾರಾಳವಾಗಿ ಬಳಸಿರಿ. ಗುಣವಾಚಕವಾಗಿ ಕಾವ್ಯದಲ್ಲಿ ಕಂಡಾಗ ಗುರುತಿಸಿರಿ, ತಿದ್ದಬೇಡಿರಿ. ನಿಮ್ಮ ಪ್ರಬಂಧದಲ್ಲಾಗಲಿ ಕೆಲಸದ ಅರ್ಜಿಯಲ್ಲಾಗಲಿ ಅದನ್ನು ಗುಣವಾಚಕವಾಗಿ ತಂದು ಕೂರಿಸಬೇಡಿರಿ. ಅಜ್ಜಿಯ ಕಾಸಿನ ಸರವನ್ನು ಸಮವಸ್ತ್ರದ ಮೇಲೆ ಹಾಕಿಕೊಂಡು ಶಾಲೆಗೆ ಬಂದಂತಾಗುತ್ತದೆ. ಸರದ ತಪ್ಪಲ್ಲ, ಸಂದರ್ಭದ ತಪ್ಪು. ಪೆಟ್ಟಿಗೆಯಲ್ಲಿ ಅದು ಇರುವುದನ್ನು ಅರಿತು, ಅದರ ತೂಕವನ್ನು ಬಲ್ಲವಳೇ ಬಡತನವಿಲ್ಲದವಳು.

ಇಷ್ಟನ್ನು ಹೇಳಿ ನಿಲ್ಲಿಸಿದ್ದರೆ ಇದೊಂದು ಭಾಷಾಪಾಠವಾಗಿ ಮುಗಿಯುತ್ತಿತ್ತು. ಆದರೆ ಬೆಳಕನ್ನು ಹೇಳುವ ಇನ್ನೊಂದು ಇಂಗ್ಲಿಷ್ ಗುಣವಾಚಕವು ನಮ್ಮ ಶಾಲೆಗಳಲ್ಲಿಯೂ ಮನೆಗಳಲ್ಲಿಯೂ ಸಾಯದೆ ಜೀವದಿಂದಿದೆ. ಅದನ್ನು ಕುರಿತು ಹೇಳಲೆಂದೇ ಇಷ್ಟು ದೂರ ನಿಮ್ಮನ್ನು ಕರೆತಂದೆನು. ಅದು ‘ಬ್ರೈಟ್’. ‘ನಮ್ಮ ದೊಡ್ಡವಳು ಬ್ರೈಟು ಮಿಸ್, ಚಿಕ್ಕವಳೇ ಸ್ವಲ್ಪ ಡಲ್ಲು’ ಎಂದು, ಆ ಚಿಕ್ಕವಳನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡೇ ಹೇಳುವ ತಾಯಂದಿರನ್ನು ನಾನು ಪ್ರತಿ ವರ್ಷದ ಪ್ರವೇಶಕಾಲದಲ್ಲಿಯೂ ಕಾಣುತ್ತೇನೆ. ಉಪಾಧ್ಯಾಯಿನಿಯರ ಕೊಠಡಿಯಲ್ಲಿ ನಾವು ಆಡುವ ಮಾತೂ ಇದಕ್ಕಿಂತ ಮೇಲಲ್ಲ. ಇಂಗ್ಲಿಷಿನ ಈ ಎರಡು ಪದಗಳ ಚರಿತ್ರೆಯೂ ವಿಚಿತ್ರ. ‘ಬ್ರೈಟ್’ ಎಂಬುದು ಬೆಳಕಿನಿಂದ ಹೊರಟು ಬುದ್ಧಿಗೆ ಬಂದಿತು. ‘ಡಲ್’ ಎಂಬುದು ಬುದ್ಧಿಯ ಮಾಂದ್ಯದಿಂದ ಹೊರಟು ಆಮೇಲೆ ಬಣ್ಣಕ್ಕೂ ಬೆಳಕಿಗೂ ಹೋಯಿತು. ಕನ್ನಡದಲ್ಲಿ ‘ಮಂಕು’ ಎಂಬ ಒಂದೇ ಪದವು ಎರಡೂ ಕೆಲಸವನ್ನು ಮಾಡುತ್ತದೆ. ಆದರೆ ಕೋಲಾರ ಸೀಮೆಯ ಮುಳಬಾಗಿಲಿನಲ್ಲಿ ಹುಟ್ಟಿದ ಡಿ. ವಿ. ಗುಂಡಪ್ಪನವರು ೧೯೪೩ರಲ್ಲಿ ತಮ್ಮ ಕಗ್ಗವನ್ನು ಪ್ರಕಟಿಸಿದಾಗ, ಅದರ ಎಲ್ಲ ವಿವೇಕವನ್ನೂ ಮಂಕುತಿಮ್ಮನೆಂಬುವನ ಬಾಯಲ್ಲಿಟ್ಟರು. ಕನ್ನಡಿಗರಾದ ನಾವು ಮಂಕೆಂದು ಹೆಸರಿಟ್ಟವನಿಂದಲೇ ಜ್ಞಾನವನ್ನು ಕೇಳಿಸಿಕೊಂಡಿದ್ದೇವೆ. ಆದರೂ ನಮ್ಮ ಮಕ್ಕಳ ವಿಷಯದಲ್ಲಿ ಅದನ್ನು ಮರೆಯುತ್ತೇವೆ.

ಅನ್ಯರನ್ನು ದೂರುವುದಕ್ಕೆ ಮುಂಚೆ ನನ್ನ ತಪ್ಪನ್ನು ಒಪ್ಪಿಕೊಳ್ಳತಕ್ಕದ್ದು ನ್ಯಾಯ. ನಾನು ತರಬೇತಿಯನ್ನು ಮುಗಿಸಿ ಕೆಲಸಕ್ಕೆ ಸೇರಿದ ಹೊಸತರಲ್ಲಿ, ೨೦೦೪ರ ಸುಮಾರಿನಲ್ಲಿ, ಎಂಟನೆಯ ತರಗತಿಯಲ್ಲಿ ಒಬ್ಬ ಹುಡುಗಿಯಿದ್ದಳು. ತಾಯಿಯು ಸಿದ್ಧ ಉಡುಪಿನ ಕಾರ್ಖಾನೆಯಲ್ಲಿ ಹೊಲಿಗೆಯವಳು. ಹುಡುಗಿಯು ಎತ್ತರವಾಗಿದ್ದುದರಿಂದ ಹಿಂದಿನ ಬೆಂಚಿನಲ್ಲಿ ಕೂರಿಸಿದ್ದೆನು. ಹಲಗೆಯ ಮೇಲಿನ ಲೆಕ್ಕವನ್ನು ತಪ್ಪು ತಪ್ಪಾಗಿ ಬರೆದುಕೊಳ್ಳುತ್ತಿದ್ದಳು. ಪ್ರಶ್ನೆ ಕೇಳಿದರೆ ಹುಬ್ಬು ಗಂಟಿಕ್ಕಿಕೊಂಡು ಸುಮ್ಮನೆ ನಿಲ್ಲುತ್ತಿದ್ದಳು. ಅರ್ಧವಾರ್ಷಿಕ ಪರೀಕ್ಷೆಯ ತರುವಾಯ ಆಕೆಯ ಪ್ರಗತಿಪತ್ರದಲ್ಲಿ ನಾನು ‘ಡಲ್’ ಎಂಬ ಒಂದೇ ಪದವನ್ನು ಕೆಂಪು ಮಸಿಯಲ್ಲಿ ಬರೆದೆನು. ಎರಡು ತಿಂಗಳ ಮೇಲೆ ಶಾಲೆಗೆ ಕಣ್ಣಿನ ವೈದ್ಯರು ಬಂದು ಮಕ್ಕಳನ್ನು ಪರೀಕ್ಷಿಸಿದಾಗ, ಆಕೆಗೆ ದೂರದ ಅಕ್ಷರಗಳೇ ಕಾಣುತ್ತಿರಲಿಲ್ಲವೆಂದು ತಿಳಿದುಬಂದಿತು. ಹಲಗೆಯನ್ನು ಆಕೆಯು ನೋಡಲಾರದೆ ಹೋದಳು; ಆಕೆಯನ್ನು ನಾನು ನೋಡದೆ ಹೋದೆನು. ಕನ್ನಡಕ ಬಂದಮೇಲೆ ಆಕೆಯು ಮೊದಲ ಬೆಂಚಿಗೂ ಬಂದಳು, ಪರೀಕ್ಷೆಯಲ್ಲಿ ತೇರ್ಗಡೆಯೂ ಆದಳು. ನಾನು ಆ ಸಂಗತಿಯನ್ನು ಮರೆತುಬಿಟ್ಟೆನು.

ಆಕೆಯು ಮರೆತಿರಲಿಲ್ಲ. ಈ ವರ್ಷ ಆಕೆಯು ತನ್ನ ಮಗಳನ್ನು ಸೇರಿಸಲು ಬಂದಳು. ಅರ್ಜಿಯನ್ನು ತುಂಬಿ, ಹಣವನ್ನು ಕಟ್ಟಿ, ಹೊರಡುವಾಗ ಬಾಗಿಲಿನಲ್ಲಿ ನಿಂತು ಕೇಳಿದಳು: “ಮಿಸ್, ಇವಳು ಏನಾದರೂ ಹಿಂದೆ ಬಿದ್ದರೆ ಹೊಡೆದರೂ ಚಿಂತೆಯಿಲ್ಲ, ನನ್ನನ್ನು ಕರೆಸಿ ಬೈದರೂ ಚಿಂತೆಯಿಲ್ಲ. ಆದರೆ ಅದೊಂದು ಮಾತನ್ನು ಮಾತ್ರ ಕಾರ್ಡಿನಲ್ಲಿ ಬರೆಯಬೇಡಿ.” ಯಾವ ಮಾತೆಂದು ಕೇಳುವ ಅವಶ್ಯಕತೆ ಇರಲಿಲ್ಲ. ಇಪ್ಪತ್ತು ವರ್ಷಗಳಾದರೂ ಆ ಕೆಂಪು ಮಸಿಯು ಒಣಗಿರಲಿಲ್ಲ. ನಾನು ಎದ್ದು ಹೋಗಿ ಆಕೆಯ ಕೈಗಳನ್ನು ಹಿಡಿದು ಕ್ಷಮೆಯನ್ನು ಕೇಳಿದೆನು. “ಅಯ್ಯೋ, ಬಿಡಿ ಮಿಸ್, ನಾನು ಹಾಗೆ ಹೇಳಲಿಲ್ಲ” ಎಂದು ಆಕೆಯೇ ನನಗೆ ಸಮಾಧಾನ ಹೇಳಿದಳು. ಶಾಲೆಯಲ್ಲಿ ಯಾರನ್ನೂ ಹೊಡೆಯುವುದಿಲ್ಲವೆಂದು ಆಕೆಗೆ ತಿಳಿಸಿದೆನು. ಆದರೆ ಒಂದು ಪದವು ಹೊಡೆತಕ್ಕಿಂತ ಆಳಕ್ಕೆ ಇಳಿಯಬಲ್ಲದೆಂದು ಆಕೆಯು ನನಗೆ ತಿಳಿಸಿದಳು.

ಆ ತಂದೆಯವರು ಕೇಳಿದ ಪ್ರಶ್ನೆಗೆ ನನ್ನ ಉತ್ತರವು ಇದೇ. ಸತ್ತ ಪದವೊಂದು ನನಗೆ ತಡವಾಗಿ ಕಲಿಸಿದ ಪಾಠವೇನೆಂದರೆ, ಹೊಳಪು ಎಂಬುದು ಹೊಳೆಯುವವಳ ಗುಣ ಮಾತ್ರವಲ್ಲ, ನೋಡುವವರ ಕರ್ತವ್ಯವೂ ಆಗಿದೆ. ಅಂಕಗಳೆಂಬ ಒಂದೇ ಕೋನದಿಂದ ನಾವು ಮಕ್ಕಳನ್ನು ಅಳೆಯುತ್ತೇವೆ. ಆ ಕೋನದಲ್ಲಿ ಕೆಲವರು ಹೊಳೆಯುತ್ತಾರೆ, ಸಂತೋಷ. ಉಳಿದವರನ್ನು ಮಂಕೆಂದು ಬರೆಯುವ ಮೊದಲು ನಾವು ನಿಂತ ಸ್ಥಳದಿಂದ ಏಳಬೇಕು. ಹಾಡುವಾಗ ನೋಡಬೇಕು, ತಮ್ಮನನ್ನು ಎತ್ತಿಕೊಂಡಿರುವಾಗ ನೋಡಬೇಕು, ಕೈತೋಟದಲ್ಲಿ ನೋಡಬೇಕು, ಮನೆಯಲ್ಲಿ ದೀಪವಿಲ್ಲದ ರಾತ್ರಿ ಆಕೆಯು ಹೇಗೆ ಓದುವಳೆಂದು ವಿಚಾರಿಸಬೇಕು. ಕಣ್ಣು ಕಾಣುವುದೋ, ಕಿವಿ ಕೇಳುವುದೋ, ಬೆಳಿಗ್ಗೆ ಉಪಾಹಾರವಾಗಿದೆಯೋ, ಇವನ್ನೂ ವಿಚಾರಿಸಬೇಕು. ಅಂಕಗಳು ಬೇಡವೆಂದು ನಾನು ಹೇಳುತ್ತಿಲ್ಲ. ಕಾರ್ಖಾನೆಯವರೂ ೬೦ ಡಿಗ್ರಿಯ ಅಳತೆಯನ್ನು ಬಿಟ್ಟಿಲ್ಲ. ಅದರಲ್ಲಿ ತೋರದಿದ್ದರೆ ಇನ್ನೊಂದು ಅಳತೆಯನ್ನು ಹಿಡಿಯುವಷ್ಟು ವಿವೇಕವು ತಗಡಿನ ವಿಷಯದಲ್ಲಿ ಅವರಿಗಿದೆ. ಮಕ್ಕಳ ವಿಷಯದಲ್ಲಿ ನಮಗೂ ಇರಲಿ.

ಇದಕ್ಕೆ ಕೆಲವರು, ‘ಎಲ್ಲರನ್ನೂ ಹೊಗಳಿದರೆ ಹೊಗಳಿಕೆಗೆ ಬೆಲೆಯೆಲ್ಲಿ? ಲೋಕವು ನಾಳೆ ಇವರನ್ನು ಸುಮ್ಮನೆ ಬಿಡುವುದೇ?’ ಎಂದು ಆಕ್ಷೇಪಿಸಬಹುದು. ನಾನು ಹೊಗಳಿಕೆಯನ್ನು ಬೇಡುತ್ತಿಲ್ಲ, ನೋಟವನ್ನು ಬೇಡುತ್ತಿದ್ದೇನೆ. ಇಲ್ಲದ ಹೊಳಪನ್ನು ಇದೆಯೆನ್ನುವುದು ಬಣ್ಣ ಬಳಿದಂತೆ, ಮಳೆಗೆ ತೊಳೆದುಹೋಗುತ್ತದೆ. ತಪ್ಪಿದ ಲೆಕ್ಕವನ್ನು ತಪ್ಪೆಂದೇ ಹೇಳಬೇಕು. ಆದರೆ ‘ಈ ಲೆಕ್ಕವು ತಪ್ಪಾಯಿತು’ ಎಂಬುದಕ್ಕೂ ‘ನೀನು ಮಂಕು’ ಎಂಬುದಕ್ಕೂ ಇರುವ ಅಂತರವು, ಕಲೆಯನ್ನು ಒಗೆಯುವುದಕ್ಕೂ ಬಟ್ಟೆಯನ್ನು ಎಸೆಯುವುದಕ್ಕೂ ಇರುವ ಅಂತರ. ದೀಪವನ್ನು ಹಚ್ಚಿ ಕೊಳಗದ ಕೆಳಗೆ ಇಡಬಾರದೆಂದು ನಮ್ಮ ಕರ್ತನು ಬೋಧಿಸಿದ್ದನ್ನು ನಾವು ಮಕ್ಕಳಿಗೆ ಹೇಳಿಕೊಡುತ್ತೇವೆ. ಕೊಳಗವನ್ನು ಕವುಚಿದವರು ಅನೇಕವೇಳೆ ಹಿರಿಯರಾದ ನಾವೇ ಎಂಬುದನ್ನು ನಮಗೆ ನಾವೇ ಹೇಳಿಕೊಳ್ಳುವುದು ಯಾವಾಗ?

ಈ ವರ್ಷದಿಂದ ನಮ್ಮ ಶಾಲೆಯ ಪ್ರಗತಿಪತ್ರದಲ್ಲಿ ಉಪಾಧ್ಯಾಯಿನಿಯರು ಒಂದೇ ಪದದ ಅಭಿಪ್ರಾಯವನ್ನು ಬರೆಯಕೂಡದೆಂದು ಗೊತ್ತುಮಾಡಿದ್ದೇವೆ. ತಾವು ಕಣ್ಣಾರೆ ಕಂಡ ಒಂದು ಸಂಗತಿಯನ್ನು ಪೂರ್ಣವಾದ ಒಂದು ವಾಕ್ಯದಲ್ಲಿ ಬರೆಯತಕ್ಕದ್ದು. ಇದು ಉಪಾಧ್ಯಾಯಿನಿಯರಿಗೆ ಹೆಚ್ಚಿನ ಹೊರೆಯೆಂದು ಬಲ್ಲೆನು. ಆ ಹೊರೆಯಲ್ಲಿ ನನ್ನ ಪಾಲನ್ನು ಮೊದಲು ಹೊರುವೆನು. ಪೋಷಕರಲ್ಲಿಯೂ ಒಂದು ಬಿನ್ನಹ. ಪತ್ರವು ಮನೆಗೆ ಬಂದ ದಿನ ಅಂಕಗಳ ಪಟ್ಟಿಗಿಂತ ಮುಂಚೆ ಆ ವಾಕ್ಯವನ್ನು ಓದಿರಿ. ಅದರ ಕೆಳಗೆ ನೀವು ಮನೆಯಲ್ಲಿ ಕಂಡ ಒಂದು ಸಂಗತಿಯನ್ನು, ನಿಮಗೆ ಬರುವ ಯಾವ ಭಾಷೆಯಲ್ಲಾದರೂ ಸರಿ, ಬರೆದು ಕಳುಹಿಸಿರಿ. ಬರೆಯಲು ಬಾರದಿದ್ದವರು ಬಂದು ಬಾಯಲ್ಲಿ ಹೇಳಿದರೂ ನಾವು ಬರೆದುಕೊಳ್ಳುತ್ತೇವೆ. ಹಳೆಯ ವಿದ್ಯಾರ್ಥಿನಿಯರಲ್ಲಿ ಯಾರಿಗಾದರೂ ನನ್ನ ಕೆಂಪು ಮಸಿಯ ಪದವೊಂದು ಇನ್ನೂ ನೋಯುತ್ತಿದ್ದರೆ, ಅವರು ಈ ಬರಹವನ್ನು ನನ್ನ ಕ್ಷಮಾಪಣೆಯ ಪತ್ರವೆಂದು ಸ್ವೀಕರಿಸಬೇಕೆಂದು ಪ್ರಾರ್ಥಿಸುತ್ತೇನೆ.

ಪುಸ್ತಕಭಂಡಾರದ ಆ ಹಳೆಯ ಸಂಗ್ರಹಕ್ಕೆ ಹೊಸ ರಟ್ಟು ಕಟ್ಟಿಸಿಯಾಯಿತು. ಪೆನ್ಸಿಲಿನ ಗುರುತು ಪೂರ್ತಿಯಾಗಿ ಅಳಿಸಿಹೋಗಿಲ್ಲ. ಪುಟವನ್ನು ಕಿಟಕಿಯ ಬೆಳಕಿಗೆ ಓರೆಯಾಗಿ ಹಿಡಿದರೆ ‘ಶೀನ್’ ಪದದ ಮೇಲೆ ಆ ಹುಡುಗಿಯ ಸೀಸದ ಗೆರೆಯು ಸಣ್ಣಗೆ ಮಿರುಗುತ್ತದೆ. ಅದನ್ನು ಹಾಗೆಯೇ ಬಿಡಬೇಕೆಂದು ಹೇಳಿದ್ದೇನೆ.

ಇತಿ ನಿಮ್ಮ ವಿಶ್ವಾಸಿ,
ಮುಖ್ಯೋಪಾಧ್ಯಾಯಿನಿ